ನಿಮ್ಮ ಗೇಮ್‌ಬಾಯ್ ಲೇಖನದ ಬಗ್ಗೆ, ನೇರವಾಗಿ

ನಮಸ್ಕಾರ,

ಕುಂಬಳೆಯಿಂದ ನೀವು ಕಳಿಸಿದ ಲೇಖನ ಎರಡು ಸಲ ಓದಿದೆ. 2022ರ ಎಲ್ಡೆನ್ ರಿಂಗ್ ಅನ್ನುವ ವಿಡಿಯೊ ಆಟವನ್ನು, ಕೈಯಲ್ಲಿ ಹಿಡಿದು ಆಡುವ ಪುಟ್ಟ ಯಂತ್ರವಾದ 1989ರ ಗೇಮ್‌ಬಾಯ್‌ಗೆ ಇಳಿಸಿದರೆ ಹೇಗಿರುತ್ತದೆ ಅನ್ನುವ ಯೋಚನೆ ತುಂಬಾ ಹಿಡಿಸಿತು. ಆದರೆ ಈಗಿರುವ ಹಾಗೆ ಹಾಕಲು ಆಗುವುದಿಲ್ಲ.

ಮೊದಲ ಎರಡು ಪುಟ ತೆಗೆದುಬಿಡಿ, ಅಲ್ಲಿ ಬರೀ ಹೊಗಳಿಕೆ ಇದೆ. ಮೂರನೇ ಪುಟದಲ್ಲಿ ನೂರು ಸೈನಿಕರು ಒಟ್ಟಿಗೆ ನುಗ್ಗುತ್ತಾರೆ ಅಂತ ಬರೆದಿದ್ದೀರಿ. ಅದು ನಡೆಯಲ್ಲ. ಪರದೆ ಇರುವುದೇ 160 ಚುಕ್ಕಿ ಅಗಲ, 144 ಎತ್ತರ. ಓಡಾಡುವ ಚಿತ್ರದ ತುಂಡುಗಳು, ಅಂದರೆ ಸ್ಪ್ರೈಟ್‌ಗಳು, ಒಮ್ಮೆಗೆ 40. ಒಂದು ಅಡ್ಡಸಾಲಿನಲ್ಲಿ 10 ಮಾತ್ರ. ಒಂದೊಂದು ತುಂಡು 8 ಚುಕ್ಕಿ ಅಗಲ. ಒಬ್ಬ ಸೈನಿಕ 16 ಚುಕ್ಕಿ ಅಗಲ ಇದ್ದರೆ ಅವನೊಬ್ಬನಿಗೇ ಆ ಸಾಲಿನಲ್ಲಿ ಎರಡು ಬೇಕು. ಐದು ಜನ ಸಾಲಾಗಿ ನಿಂತರೆ ಮುಗಿಯಿತು, ಆರನೆಯವನು ಕಾಣುವುದೇ ಇಲ್ಲ. ಹಾಗಾದರೆ ಐದೇ ಜನರಲ್ಲಿ ಒಂದು ಸೈನ್ಯದ ಭಯ ಹೇಗೆ ಹುಟ್ಟಿಸುತ್ತೀರಿ? ನನಗೆ ಓದಬೇಕಾಗಿರುವುದು ಅದು.

ಇನ್ನು ಎಲ್ಡೆನ್ ರಿಂಗ್ ಆಟದ ಆ ದೊಡ್ಡ ಬಂಗಾರದ ಮರ. ಪರದೆಯಲ್ಲಿ ನಾಲ್ಕೇ ಛಾಯೆ, ಬಂಗಾರ ತೋರಿಸಲು ಆಗದು, ಬಿಡೋಣ ಅಂತ ಒಂದೇ ಸಾಲಲ್ಲಿ ಮುಗಿಸಿದ್ದೀರಿ. ಇದು ಬೇಸರ ತಂದಿತು. ಆ ಮರದ ಜೀವ ಇರುವುದೇ ದೂರದಿಂದ ಕಾಣುವುದರಲ್ಲಿ. ಬಯಲಲ್ಲಿ ದಾರಿ ತಪ್ಪಿದರೂ ಹೆಚ್ಚುಕಡಿಮೆ ಎಲ್ಲಿ ನಿಂತು ತಲೆ ಎತ್ತಿದರೂ ಅದು ಅಲ್ಲಿರುತ್ತದೆ. ಮೇಲಿಂದ ನೋಡುವ ಪುಟ್ಟ ಪರದೆಯಲ್ಲಿ ದೂರ ಅನ್ನುವುದೇ ಇಲ್ಲ, ಅಲ್ವಾ?

ನೀವು ನಮ್ಮ ಕಾಸರಗೋಡಿನವರು, ಕತ್ತಲೆಯಲ್ಲಿ ಬಯಲಾಟಕ್ಕೆ ನಡೆದು ಹೋಗಿರುತ್ತೀರಿ. ಏನೂ ಕಾಣುವುದಿಲ್ಲ, ಗುಡ್ಡದ ಆಚೆಯಿಂದ ಚೆಂಡೆ ಮಾತ್ರ ಕೇಳುತ್ತದೆ. ತೋಟ ಇಳಿದಾಗ ಭಾಗವತರ ದನಿ ಸೇರುತ್ತದೆ, ಗದ್ದೆ ಹುಣಿ ದಾಟುವ ಹೊತ್ತಿಗೆ ಮದ್ದಳೆ, ಜಾಗಟೆ ಎಲ್ಲ. ಗೇಮ್‌ಬಾಯ್‌ನಲ್ಲಿ ಸದ್ದಿನ ಚಾನೆಲ್ ನಾಲ್ಕು. ಅದರಲ್ಲಿ ಒಂದು ಬರೀ ಗರಗರ ಸದ್ದಿನದು, ಚೆಂಡೆ ಪೆಟ್ಟಿಗೆ ಹೇಳಿ ಮಾಡಿಸಿದ ಹಾಗಿದೆ. ದೂರದಲ್ಲಿ ಅದೊಂದೇ ಕೇಳಲಿ, ಮರ ಹತ್ತಿರವಾದಂತೆ ಉಳಿದವು ಒಂದೊಂದೇ ಸೇರಲಿ. ಇದು ನನಗೆ ಹೊಳೆದದ್ದು. ಇದನ್ನೇ ತಗೊಳ್ಳಬೇಕು ಅಂತಿಲ್ಲ, ಆದರೆ ಮರವನ್ನು ಸುಮ್ನೆ ಬಿಟ್ಟುಬಿಡಬೇಡಿ.

ಕೊನೆಯ ಪುಟದಲ್ಲಿ, ಮಾವ ದುಬೈಯಿಂದ ತಂದ ಕಾರ್ಟ್ರಿಡ್ಜ್, ಅಂದರೆ ಆಟ ಇರುವ ಡಬ್ಬಿ, ಅದರ ಒಳಗಿನ ಗುಂಡು ಬ್ಯಾಟರಿ ಸತ್ತು ಅಲ್ಲಿವರೆಗೆ ಆಡಿ ಉಳಿಸಿಟ್ಟ ಸೇವ್ ಎಲ್ಲ ಹೋದದ್ದು, ನೀವು ಸ್ಕ್ರೂ ಬಿಚ್ಚಿ ಅದನ್ನು ಅಂಗೈಯಲ್ಲಿಟ್ಟು ಕೂತದ್ದು ಬರುತ್ತದೆ. ಓದಿ ಸ್ವಲ್ಪ ಹೊತ್ತು ಮುಂದೆ ಹೋಗಲಾಗಲಿಲ್ಲ. ಲೇಖನ ಅಲ್ಲಿಂದಲೇ ಶುರು ಮಾಡಿ, ತಿದ್ದಿ ಕಳಿಸಿ.