ಚೆರೊಕೀಗಳ ಶಾಲೆ: ಕಟ್ಟಿದ್ದು ಯಾರು, ಭಾಷೆ ಕಳೆದದ್ದು ಹೇಗೆ?

ಪ್ರಶ್ನೆ: ಅಮೆರಿಕದ ಚೆರೊಕೀ ಜನರ ಭಾಷೆಯನ್ನು ಬೋರ್ಡಿಂಗ್ ಶಾಲೆಗಳೇ ಹಾಳು ಮಾಡಿದವು ಅಂತ ಓದಿದೆ. ಇನ್ನೊಂದು ಕಡೆ ಆ ಶಾಲೆಗಳನ್ನು ಅವರೇ ಕಟ್ಟಿಸಿದ್ದು ಅಂತಿತ್ತು. ಯಾವುದು ಸರಿ?
– ಓದುಗರೊಬ್ಬರು, ಹಾಸನ

ಉತ್ತರ: ಎರಡೂ ಸರಿ. ಶಾಲೆಗಳು ಬೇರೆ ಬೇರೆ, ಅಷ್ಟೆ.

ಇವರು ಓದು ಬರಹ ಗೊತ್ತಿಲ್ಲದ ಜನ ಅಲ್ಲ. ಇಂಗ್ಲಿಷ್ ಓದಲು ಬಾರದ ಸಿಕ್ವೋಯ ಅನ್ನೋ ಮನುಷ್ಯ 1821ರ ಹೊತ್ತಿಗೆ ಅವರ ಭಾಷೆಗೆ ಲಿಪಿ ಮಾಡಿ ಮುಗಿಸಿದ್ದ. ಒಂದೊಂದು ಉಚ್ಚಾರಕ್ಕೆ ಒಂದೊಂದು ಅಕ್ಷರ, ಕಾಗುಣಿತ ಕಲಿತ ನಮಗೆ ಅದು ಥಟ್ಟನೆ ಅರ್ಥವಾಗುತ್ತದೆ. 1828ಕ್ಕೆ ಅದರಲ್ಲಿ ಪತ್ರಿಕೆಯೂ ಬಂತು. ಹತ್ತು ವರ್ಷ ಕಳೆಯುವಷ್ಟರಲ್ಲಿ ಸೈನ್ಯ ಅವರನ್ನು ಮನೆಗಳಿಂದ ಎಬ್ಬಿಸಿ ಈಗಿನ ಓಕ್ಲಹೋಮಾಕ್ಕೆ ಅಟ್ಟಿತು, ದಾರಿಯಲ್ಲಿ ಸುಮಾರು 4,000 ಜನ ಸತ್ತರು ಅಂತ ಅಂದಾಜು.

ಅಷ್ಟಾದ ಮೇಲೂ 1851ರಲ್ಲಿ ಚೆರೊಕೀಗಳು ಓಕ್ಲಹೋಮಾದ ತಾಲೆಕ್ವಾ ಊರಿನ ಹತ್ತಿರ ಹುಡುಗರಿಗೊಂದು, ಹುಡುಗಿಯರಿಗೊಂದು ವಸತಿ ಶಾಲೆ ತೆರೆದರು. ಸರ್ಕಾರ ಅವರದೇ, ಶಾಲೆಯೂ ಅವರದೇ. ಲ್ಯಾಟಿನ್, ಬೀಜಗಣಿತ ಎಲ್ಲಾ ಕಲಿಸಿದರು. ಚೆರೊಕೀ ಭಾಷೆ ಮಾತ್ರ ಪಾಠದಲ್ಲಿ ಇರಲಿಲ್ಲ! ಯಾರೂ ಬೇಡ ಅಂದಿರಲಿಲ್ಲ, ಬಿಳಿಯರ ಜೊತೆ ಸರಿಸಮ ನಿಲ್ಲಬೇಕಾದರೆ ಇಂಗ್ಲಿಷೇ ಬೇಕು ಅಂತ ಅವರಿಗೇ ಅನಿಸಿತ್ತು. ನನಗೆ ಜಾಸ್ತಿ ಕಾಡೋದು ಇದೇ.

ನೀವು ಮೊದಲು ಓದಿದ್ದು ಬಹುಶಃ ನಾರ್ತ್ ಕೆರೊಲೈನಾದ ಕಥೆ. ಗಡಿಪಾರಿನಿಂದ ತಪ್ಪಿಸಿಕೊಂಡು ಅಲ್ಲಿನ ಬೆಟ್ಟಗಳಲ್ಲೇ ಉಳಿದವರ ಮಕ್ಕಳಿಗಾಗಿ 1880ರ ದಶಕದಲ್ಲಿ ಕ್ವೇಕರ್ ಅನ್ನೋ ಕ್ರೈಸ್ತ ಪಂಥದವರು ಶಾಲೆ ಶುರು ಮಾಡಿದರು, ಮುಂದಿನ ದಶಕದಲ್ಲಿ ಅದನ್ನು ಅಮೆರಿಕ ಸರ್ಕಾರ ವಹಿಸಿಕೊಂಡಿತು. ಅಲ್ಲಿ ಮನೆಮಾತು ಆಡಿದ ಮಕ್ಕಳ ಬಾಯಿಗೆ ಸೋಪು ಹಾಕಿ ತೊಳೆಯುತ್ತಿದ್ದರು. ಅಲ್ಲಿ ಓದಿದ ಎಷ್ಟೋ ಜನ ದೊಡ್ಡವರಾದ ಮೇಲೆ, ನಾವು ಪಟ್ಟ ಪಾಡು ಇವರಿಗೆ ಬೇಡ ಅಂತ ಸ್ವಂತ ಮಕ್ಕಳ ಹತ್ತಿರ ಚೆರೊಕೀ ಆಡಲೇ ಇಲ್ಲ. ಶಾಲೆ ಮುಚ್ಚಿದ್ದು 1954ರಲ್ಲಿ. ಅಷ್ಟರಲ್ಲಿ ಭಾಷೆ ಎಷ್ಟೋ ಮನೆಗಳಿಂದಲೇ ಹೊರಗೆ ಹೋಗಿತ್ತು.

2019ರಲ್ಲಿ ಓಕ್ಲಹೋಮಾದ ಎರಡು, ನಾರ್ತ್ ಕೆರೊಲೈನಾದ ಒಂದು, ಹೀಗೆ ಮೂರೂ ಚೆರೊಕೀ ಸರ್ಕಾರಗಳು ಸೇರಿ ಭಾಷೆಗೆ ತುರ್ತು ಪರಿಸ್ಥಿತಿ ಬಂದಿದೆ ಅಂತಲೇ ಘೋಷಿಸಿದವು. ಈಗ ಎರಡೂ ಕಡೆ ಪುಟ್ಟ ಮಕ್ಕಳಿಗೆ ಚೆರೊಕೀ ಮಾಧ್ಯಮದ ಶಾಲೆಗಳಿವೆ. 1851ರಲ್ಲಿ ತೆರೆದ ಹುಡುಗಿಯರ ಆ ಶಾಲೆ 1887ರಲ್ಲಿ ಸುಟ್ಟುಹೋಯಿತು, 1889ರಲ್ಲಿ ಮತ್ತೆ ಕಟ್ಟಿದ ಕಟ್ಟಡ ತಾಲೆಕ್ವಾದಲ್ಲಿ ಈಗಲೂ ಗಟ್ಟಿಯಾಗಿದೆ. ಇವತ್ತು ಅದು ಒಂದು ವಿಶ್ವವಿದ್ಯಾಲಯದ ಕ್ಯಾಂಪಸ್‌ನಲ್ಲಿದೆ, ಅಲ್ಲಿ ಚೆರೊಕೀ ಭಾಷೆಯನ್ನೂ ಕಲಿಸುತ್ತಾರೆ.