ನಿರ್ಮಾಪಕನ ಕಥೆಯಲ್ಲಿ ದುಡ್ಡಿನ ಮಾತೇ ಇಲ್ಲವಲ್ಲ!

ಆತ್ಮೀಯರೇ, ನಮಸ್ಕಾರ.

ಬರ್ಲಿನ್ನಿನ ನೀರೋ ಫಿಲ್ಮ್ ಸಂಸ್ಥೆಯ ನಿರ್ಮಾಪಕ ಸೀಮೋರ್ ನೆಬೆನ್‌ಜಾಲ್ ಬಗ್ಗೆ ನೀವು ಕಳಿಸಿದ ಲೇಖನ ಓದಿದೆ. ಈಗಿರುವಂತೆ ಅಚ್ಚಿಗೆ ಹೋಗುವುದಿಲ್ಲ. ಆದರೆ ವಿಷಯ ಕೈಬಿಡಬೇಡಿ, ಒಳ್ಳೆಯ ಆಸಾಮಿಯನ್ನೇ ಹಿಡಿದಿದ್ದೀರಿ.

ಎಂಟು ಪುಟಗಳಲ್ಲಿ ಐದನ್ನು ನಿರ್ದೇಶಕ ಫ್ರಿಟ್ಜ್ ಲಾಂಗ್ ನುಂಗಿಬಿಟ್ಟಿದ್ದಾನೆ. ನಾಜಿ ಪ್ರಚಾರ ಮಂತ್ರಿ ಗೊಬೆಲ್ಸ್ ಕರೆದು ಪದವಿ ಕೊಡುತ್ತೇನೆಂದ, ಲಾಂಗ್ ಅದೇ ರಾತ್ರಿ ರೈಲು ಹತ್ತಿದ ಎಂಬ ಪ್ರಸಂಗವನ್ನು ಪೂರ್ತಿ ಹೊಡೆದುಹಾಕಿ. ಅದು ಲಾಂಗ್ ತಾನೇ ಹೇಳಿಕೊಂಡು ಬಂದ ಕಥೆ. ಅವನ ಪಾಸ್‌ಪೋರ್ಟಿನ ಮುದ್ರೆಗಳು ಬೇರೆಯೇ ಹೇಳುತ್ತವೆ. ನಿಜವೇ ಆಗಿದ್ದರೂ ನಿಮ್ಮ ನಾಯಕ ಅಲ್ಲಿಲ್ಲವಲ್ಲ?

ಉಳಿದದ್ದು ಪಂಚಾಂಗ ಓದಿದ ಹಾಗಿದೆ: 1930ರಲ್ಲಿ ‘ವೆಸ್ಟ್‌ಫ್ರಂಟ್ 1918’, 1931ರಲ್ಲಿ ಲಾಂಗ್‌ನ ‘ಎಂ’, ಹೀಗೇ. ನಿರ್ಮಾಪಕನ ಕಸುಬು ದುಡ್ಡು, ಹಕ್ಕು, ಕರಾರು. ಅವು ಎಲ್ಲಿ?

ಜರ್ಮನ್ ನಾಟಕಕಾರ ಬ್ರೆಕ್ಟ್‌ನ ಸಂಗೀತ ನಾಟಕ ‘ತ್ರೀಪೆನ್ನಿ ಒಪೆರಾ’ ಚಿತ್ರವಾದ ಕಥೆ ನಿಮ್ಮಲ್ಲಿ ಒಂದೂವರೆ ಸಾಲಿಗೆ ಮುಗಿದಿದೆ. ನಾನಾಗಿದ್ದರೆ ಅಲ್ಲಿಂದಲೇ ಶುರು ಮಾಡುತ್ತಿದ್ದೆ. ನೀರೋ ಹಕ್ಕು ಕೊಂಡ ಮೇಲೆ ಬ್ರೆಕ್ಟ್ ತನ್ನ ನಾಟಕವನ್ನೇ ತಿದ್ದಿ ಇನ್ನಷ್ಟು ಎಡಕ್ಕೆ ಎಳೆದ, ಸಂಸ್ಥೆ ಒಪ್ಪಲಿಲ್ಲ. 1930ರಲ್ಲಿ ಬ್ರೆಕ್ಟ್, ಸಂಗೀತ ಕೊಟ್ಟ ಕುರ್ಟ್ ವೈಲ್ ಇಬ್ಬರೂ ದಾವೆ ಹೂಡಿದರು. ಬ್ರೆಕ್ಟ್ ಸೋತ, ವೈಲ್ ಗೆದ್ದ. ಇತ್ತ ಕೋರ್ಟು, ಅತ್ತ ಶೂಟಿಂಗು! ಅದೂ ಒಂದು ಚಿತ್ರವಲ್ಲ, ಎರಡು. ಟಾಕಿ ಬಂದದ್ದೇ ಜರ್ಮನ್ ಚಿತ್ರಗಳಿಗೆ ಹೊರದೇಶದ ವ್ಯಾಪಾರ ಕಷ್ಟವಾಯಿತು, ಡಬ್ಬಿಂಗ್ ಇನ್ನೂ ಪಳಗಿರಲಿಲ್ಲ. ಹಾಗಾಗಿ ನಿರ್ದೇಶಕ ಪಾಬ್ಸ್ಟ್ ಅದೇ ಸೆಟ್ಟಿನಲ್ಲಿ ರುಡಾಲ್ಫ್ ಫೋರ್ಸ್ಟರ್‌ನನ್ನು ಕಥಾನಾಯಕ ಮೆಕ್ಕಿಯಾಗಿಸಿ ಜರ್ಮನ್‌ನಲ್ಲಿ ಒಂದು, ಆಲ್ಬೇರ್ ಪ್ರೇಜಾನ್‌ನನ್ನು ಹಾಕಿಕೊಂಡು ಫ್ರೆಂಚಿನಲ್ಲಿ ಇನ್ನೊಂದು ತೆಗೆದ. ಸೆಟ್ಟಿನ ಖರ್ಚು ಒಂದು, ಮಾರುಕಟ್ಟೆ ಎರಡು. ನೆಬೆನ್‌ಜಾಲ್ ನನಗೆ ಕಾಣುವುದು ಈ ಲೆಕ್ಕದಲ್ಲಿ.

ಈ ಲೆಕ್ಕವೇ ಮುಂದೆ ಅವನ ಕೈಹಿಡಿಯಿತು. 1933ರ ಮಾರ್ಚ್‌ನಲ್ಲಿ ಡಾಕ್ಟರ್ ಮಬೂಸೆ ಎಂಬ ಖಳನ ಬಗ್ಗೆ ಲಾಂಗ್ ತೆಗೆದ ಎರಡನೆಯ ಚಿತ್ರ ನಾಜಿ ಜರ್ಮನಿಯಲ್ಲಿ ನಿಷೇಧವಾದಾಗ, ಜೊತೆಗೇ ತೆಗೆದಿದ್ದ ಫ್ರೆಂಚ್ ಆವೃತ್ತಿ ಪ್ಯಾರಿಸ್ಸಿನಲ್ಲಿ ತೆರೆಕಂಡಿತು. ನಿರ್ಮಾಪಕನೂ ಅದೇ ಊರಿಗೆ ಹೋದ. ಯಹೂದಿ ನಿರ್ಮಾಪಕನಿಗೆ ಬರ್ಲಿನ್ನಿನಲ್ಲಿ ಇನ್ನೇನಿತ್ತು?

ಕೊನೆಯದೊಂದು. 1951ರಲ್ಲಿ ನಿರ್ದೇಶಕ ಜೋಸೆಫ್ ಲೋಸಿಯ ಕೈಯಲ್ಲಿ ಅಮೆರಿಕದಲ್ಲಿ ‘ಎಂ’ ಮತ್ತೆ ತೆಗೆಸಿದವನೂ ಇವನೇ. ಇಷ್ಟು ದೊಡ್ಡ ಸಂಗತಿಯನ್ನು ಅಡಿಟಿಪ್ಪಣಿಗೆ ತಳ್ಳಿದ್ದೀರಲ್ಲ! ಮೇಲಕ್ಕೆ ತನ್ನಿ.

‘ಅಪ್ರತಿಮ’, ‘ಮೇರು’ ಎಲ್ಲ ತೆಗೆದುಹಾಕಿ, ನಾಲ್ಕು ಪುಟದೊಳಗೆ ಬರೆದು ಕಳಿಸಿ. ವಿಶೇಷಾಂಕದಲ್ಲಿ ಜಾಗ ಇಟ್ಟಿರುತ್ತೇನೆ.

ಇತಿ,
ಸಂಪಾದಕ