ಮುಖ ಅಲುಗದಿದ್ದರೆ ಅದು ನಟನೆಯೇ?

ಹವ್ಯಾಸಿ ನಾಟಕ ತಂಡ ನಡೆಸುವ ಶಿವಮೊಗ್ಗದ ಓದುಗರೊಬ್ಬರು ಬರೆದಿದ್ದಾರೆ: 'ಫಿನ್ಲೆಂಡಿನ ಮತ್ತಿ ಪೆಲ್ಲೊನ್ಪಾ ನಟಿಸಿದ "ಶ್ಯಾಡೋಸ್ ಇನ್ ಪ್ಯಾರಡೈಸ್" ನೋಡಿದೆ. ಮನುಷ್ಯ ಚಿತ್ರದುದ್ದಕ್ಕೂ ಮುಖ ಅಲುಗಿಸುವುದಿಲ್ಲ. ಇದು ನಟನೆಯೋ, ನಿರ್ದೇಶಕ ಅಕಿ ಕೌರಿಸ್ಮಾಕಿಯ ಕೈಚಳಕವೋ? ನಮ್ಮ ಹುಡುಗರಿಗೆ ಇದರಲ್ಲಿ ಕಲಿಯುವುದೇನಾದರೂ ಇದೆಯೆ?'

ಉತ್ತರ: ನಟನೆಯೇ, ಅನುಮಾನ ಬೇಡ. ನೀವು ಮುಖ ನೋಡುತ್ತ ಕೂತಿರಿ, ಅವರ ಕಸುಬು ಇರುವುದು ದನಿಯಲ್ಲಿ. 1951ರಲ್ಲಿ ಹೆಲ್ಸಿಂಕಿಯಲ್ಲಿ ಹುಟ್ಟಿದ ಪೆಲ್ಲೊನ್ಪಾ 1962ರಲ್ಲೇ, ಇನ್ನೂ ಹುಡುಗನಾಗಿದ್ದಾಗ, ರೇಡಿಯೊದಲ್ಲಿ ನಟಿಸತೊಡಗಿದರು. ನಾಟಕ ಶಾಲೆಯ ತರಬೇತಿ ಮುಗಿದದ್ದು 1977ರಲ್ಲಿ. ಮೈಕಿನ ಮುಂದೆ ಹುಬ್ಬು ಹಾರಿಸಿ ಏನೂ ಪ್ರಯೋಜನವಿಲ್ಲ. ಉಸಿರು, ಮಾತಿನ ತೂಕ, ಎರಡು ವಾಕ್ಯಗಳ ನಡುವಿನ ಬಿಡುವು, ಇಷ್ಟರಲ್ಲೇ ಕೆಲಸ ಆಗಬೇಕು.

1986ರ ಆ ಚಿತ್ರದಲ್ಲಿ ಇನ್ನೊಂದು ತೊಡಕಿದೆ. ಕೌರಿಸ್ಮಾಕಿ ಬರೆಯುವ ಸಂಭಾಷಣೆ ಬೀದಿಯ ಆಡುಮಾತಲ್ಲ, ಗ್ರಾಂಥಿಕ ಫಿನ್ನಿಶ್. ಕಸದ ಲಾರಿಯ ನಿಕಾಂಡರ್ (ಪೆಲ್ಲೊನ್ಪಾ ಅವರ ಪಾತ್ರ), ಸೂಪರ್ ಮಾರ್ಕೆಟ್ಟಿನ ಕ್ಯಾಷಿಯರ್ ಇಲೋನಾಳನ್ನು ಮಾತಾಡಿಸುವುದು ಪಠ್ಯಪುಸ್ತಕದ ಭಾಷೆಯಲ್ಲಿ. ನಟ ಒಂದು ಎಳೆ ಕೊಂಕು ಸೇರಿಸಿದರೂ ಪಾತ್ರ ಕಾರ್ಟೂನಾಗುತ್ತದೆ, ಭಾವ ತುಂಬಲು ಹೋದರೆ ಅಳುಮುಂಜಿಯಾಗುತ್ತದೆ. ಪೆಲ್ಲೊನ್ಪಾ ಎರಡನ್ನೂ ಮಾಡದೆ, ಆ ಮಾತು ಅವನದೇ ಎಂಬಂತೆ ಸುಮ್ಮನೆ ಹೇಳುತ್ತಾರೆ. ಅದೂ ಹೆಚ್ಚಾಗಿ ಮೊದಲ ಟೇಕನ್ನೇ ಬಯಸುವ ನಿರ್ದೇಶಕನ ಎದುರು. ತಯಾರಿಯಿಲ್ಲದವನಿಂದ ಆಗುವ ಕೆಲಸವಲ್ಲ.

ನಿಮ್ಮ ಪ್ರಶ್ನೆಗೆ ಪೂರ್ಣ ಉತ್ತರ ಸಿಗುವುದು ಅಮೆರಿಕದ ನಿರ್ದೇಶಕ ಜಿಮ್ ಜಾರ್ಮುಶ್ ಅವರ 'ನೈಟ್ ಆನ್ ಅರ್ಥ್' (1991) ಚಿತ್ರದ ಕೊನೆಯ ಕಂತಿನಲ್ಲಿ. ಹೆಲ್ಸಿಂಕಿಯ ಹಿಮದಲ್ಲಿ ಟ್ಯಾಕ್ಸಿ ಓಡಿಸುವ ಮಿಕಾನ ಪಾತ್ರ ಪೆಲ್ಲೊನ್ಪಾ ಅವರದು. ಹಿಂದೆ ಮೂವರು ಕುಡುಕರು. ಒಬ್ಬನಿಗೆ ಎಚ್ಚರವಿಲ್ಲ, ಉಳಿದಿಬ್ಬರು ಅವನ ಕಷ್ಟಗಳ ಪಟ್ಟಿ ಒಪ್ಪಿಸುತ್ತಾರೆ. ಆಗ ಮಿಕಾ, ದಿನ ತುಂಬುವ ಮೊದಲೇ ಹುಟ್ಟಿ ತೀರಿಕೊಂಡ ತನ್ನ ಮಗುವಿನ ಕಥೆ ಹೇಳುತ್ತಾನೆ. ಮಗು ಉಳಿಯುವುದಿಲ್ಲವೆಂದು ಅದನ್ನು ಪ್ರೀತಿಸದಿರಲು ತೀರ್ಮಾನಿಸಿದ್ದೆ ಎನ್ನುವ ಮಾತನ್ನೂ ವಿಳಾಸ ಹೇಳಿದಷ್ಟೇ ಸಮನಾಗಿ ಹೇಳುತ್ತಾನೆ. ಅಳುವವರು ಹಿಂದಿನ ಸೀಟಿನವರು. ಒಮ್ಮೆ ಸಬ್‌ಟೈಟಲ್ ಓದುತ್ತ ನೋಡಿ, ಇನ್ನೊಮ್ಮೆ ಅದನ್ನು ತೆಗೆದು ದನಿ ಮಾತ್ರ ಕೇಳಿ. ಬಿಡುವುಗಳು ಒಂದೇ ಅಳತೆಯವಲ್ಲ ಎಂಬುದು ಎರಡನೇ ಸಲ ಗೊತ್ತಾಗುತ್ತದೆ.

ಹುಡುಗರಿಗೆ ಕಲಿಸುವುದಾದರೆ ಇಲ್ಲಿಂದ ಶುರು ಮಾಡಿ. ಎರಡು ನಿಮಿಷದ ಕೆಟ್ಟ ಸುದ್ದಿಯೊಂದನ್ನು ಪರದೆಯ ಹಿಂದೆ ನಿಂತು ಹೇಳಿಸಿ, ಮೊಬೈಲಿನಲ್ಲಿ ರೆಕಾರ್ಡ್ ಮಾಡಿ. ಕೇಳಿದವರಿಗೆ ಮನಸ್ಸಿಗೆ ತಟ್ಟಿದ ಮೇಲಷ್ಟೇ ಪರದೆ ಸರಿಸಿ. ಮುಖದ ಜೊತೆ ದನಿಯನ್ನೂ ಹೆಪ್ಪುಗಟ್ಟಿಸುವುದು ಎಲ್ಲರೂ ಬೀಳುವ ಹಳ್ಳ. ಉಸಿರು ಬಿಗಿಹಿಡಿದರೆ ಭುಜ ಮೇಲೇರುತ್ತದೆ, ಆಗ ಶಾಂತವಾಗಿರುವವನು ಹೆದರಿದವನಂತೆ ಕಾಣುತ್ತಾನೆ. ರಂಗದ ಮೇಲೆ ಕ್ಲೋಸಪ್ ಇಲ್ಲವಾದ್ದರಿಂದ ಕೈಗೊಂದು ಕೆಲಸ ಕೊಡಿ: ಬೀಡಿ ಹಚ್ಚುವುದು, ಗುಂಡಿ ಹಾಕಿಕೊಳ್ಳುವುದು. ಹಿಂದಿನ ಸಾಲಿನವರು ಓದುವುದು ಅದನ್ನೇ.

ಮುಂದೆ ನೋಡಬೇಕಾದದ್ದು 'ಏರಿಯಲ್' (1988), ಅದರಲ್ಲಿ ಅವರು ನಾಯಕನ ಜೈಲುಸಂಗಾತಿ ಮಿಕ್ಕೊನೆನ್. ಆಮೇಲೆ 'ಲಾ ವಿ ದ ಬೊಹೆಮ್' (1992). ಪ್ಯಾರಿಸ್ಸಿನಲ್ಲಿ ಕಾಗದಪತ್ರವಿಲ್ಲದೆ ಬದುಕುವ ಅಲ್ಬೇನಿಯಾದ ಚಿತ್ರಕಾರ ರೊಡಾಲ್ಫೊನ ಪಾತ್ರ, ಮಾತೆಲ್ಲ ಫ್ರೆಂಚ್. ಯುರೋಪಿಯನ್ ಫಿಲ್ಮ್ ಅವಾರ್ಡ್ಸ್‌ನ ಅತ್ಯುತ್ತಮ ನಟ ಪ್ರಶಸ್ತಿ ಬಂದದ್ದು ಇದಕ್ಕೆ. 1995ರ ಜುಲೈಯಲ್ಲಿ ಹೃದಯಾಘಾತದಿಂದ ತೀರಿಕೊಂಡಾಗ ವಯಸ್ಸು 44. ಅವರಿಗಾಗಿ ಯೋಚಿಸಿದ್ದ 'ಡ್ರಿಫ್ಟಿಂಗ್ ಕ್ಲೌಡ್ಸ್' (1996) ಚಿತ್ರವನ್ನು ಕೌರಿಸ್ಮಾಕಿ ಬದಲಿಸಿಕೊಂಡು, ನಟಿ ಕಾಟಿ ಔಟಿನೆನ್ ಅವರನ್ನು ಕೇಂದ್ರಕ್ಕೆ ತಂದರು. ಅದರಲ್ಲಿ ದಂಪತಿಯ ಸತ್ತ ಮಗುವೆಂದು ತೋರಿಸುವುದು ಪೆಲ್ಲೊನ್ಪಾ ಅವರ ಬಾಲ್ಯದ ಫೋಟೊ.

'ಲೆನಿನ್‌ಗ್ರಾಡ್ ಕೌಬಾಯ್ಸ್ ಗೋ ಅಮೆರಿಕ'ದ (1989) ದುರಾಸೆಯ ಮ್ಯಾನೇಜರ್ ವ್ಲಾದಿಮಿರ್‌ನನ್ನು ನಗುವುದಕ್ಕಾಗಿ ನೋಡಿ. ಅದರ ಮುಂದಿನ ಭಾಗ ನೋಡದಿದ್ದರೂ ನಷ್ಟವಿಲ್ಲ.

– ಸಂಪಾದಕ